ದುಡ್ಡು ಕೊಟ್ಟು ತಗೊಂಡ ಗೇಮು, ಸಾಫ್ಟ್‌ವೇರ್ ಯಾವ ಅಕೌಂಟಲ್ಲಿದೆ ಅಂತ ಹೇಗೆ ಲೆಕ್ಕ ಇಡ್ತೀರ?

ಕೀಲಿಮಣೆ ಕಿಟ್ಟಿ
ಹೊಸ ಲ್ಯಾಪ್‌ಟಾಪ್ ಬಂತು. ಹಳೇದನ್ನ ತಮ್ಮನಿಗೆ ಕೊಡೋಣ ಅಂತ ಖಾಲಿ ಮಾಡ್ತಾ ಕೂತಿದ್ದೀನಿ, ತಲೆ ಕೆಟ್ಟು ಹೋಗಿದೆ. ಗೇಮ್ ಮಾರೋ ಆನ್‌ಲೈನ್ ಅಂಗಡಿ ಒಂದಾ ಎರಡಾ: ಸ್ಟೀಮಲ್ಲಿ ಒಂದಷ್ಟು, ಎಪಿಕ್‌ನಲ್ಲಿ ಪುಕ್ಕಟೆ ಸಿಕ್ಕಿದ್ದು ಒಂದು ರಾಶಿ, ಜಿಒಜಿಯಲ್ಲಿ ಹಳೇ ಗೇಮುಗಳು, ಹಂಬಲ್ ಬಂಡಲ್‌ನ ಕೀಗಳು, ಅಂದ್ರೆ ಗೇಮ್ ತೆರೆಯೋ ಕೋಡುಗಳು (ಎಷ್ಟು ಬಳಸಿದೀನೋ ಮಂಜುನಾಥಸ್ವಾಮಿಗೇ ಗೊತ್ತು). ಇದರ ಮೇಲೆ ಎಂಎಸ್ ಆಫೀಸ್, ಒಂದು ಆಂಟಿವೈರಸ್, ಫೋಟೋ ಎಡಿಟಿಂಗ್ ಸಾಫ್ಟ್‌ವೇರ್. ಆಂಟಿವೈರಸ್ ಕೀ ಇದ್ದ ಕಾರ್ಡನ್ನ ಅಮ್ಮ ಹಳೇ ಪೇಪರ್ ಜೊತೆ ತೂಕಕ್ಕೆ ಹಾಕಿರಬೇಕು.

ಒಂದು ರೇಸಿಂಗ್ ಗೇಮ್ ದುಡ್ಡು ಕೊಟ್ಟು ತಗೊಂಡಿದ್ದು ಗ್ಯಾರಂಟಿ. ಬ್ಯಾಂಕ್ ಸ್ಟೇಟ್‌ಮೆಂಟಲ್ಲಿ ದುಡ್ಡು ಕಟ್ ಆಗಿರೋದೂ ಇದೆ, ಆದ್ರೆ ಅಲ್ಲಿರೋದು ಯಾವುದೋ ಪೇಮೆಂಟ್ ಗೇಟ್‌ವೇ ಹೆಸರು. ಯಾವ ಲೈಬ್ರರಿಯಲ್ಲೂ ಗೇಮ್ ಕಾಣ್ತಿಲ್ಲ. ಆಗ ಕೊಟ್ಟಿದ್ದ ಮೇಲ್ ಐಡಿ ಕಾಲೇಜಿಂದು, ಅದು ಈಗ ಬಂದ್.

ಹುಡುಕೋದು ಹೇಗೆ, ಇನ್ನು ಮುಂದೆ ಇಟ್ಕೊಳ್ಳೋದು ಹೇಗೆ? ಗೊತ್ತಿರೋರು ಹೇಳಿ ಪ್ಲೀಸ್.

ಬೋಂಡಾ ಸೂಪ್
ಒಂದು ಎಕ್ಸೆಲ್ ಶೀಟ್. ಮುಗೀತು. ಮುಂದಿನ ಪ್ರಶ್ನೆ?

ಹಳೇ ಪೆಂಟಿಯಂ
ಬೋಂಡಾ, ಅವರು ಕೇಳ್ತಿರೋದು ಕಳೆದು ಹೋಗಿರೋದನ್ನ ಹುಡುಕೋದು ಹೇಗೆ ಅಂತ. ಶೀಟಲ್ಲಿ ಏನಂತ ಬರೀಬೇಕು, 'ಗೊತ್ತಿಲ್ಲ' ಅಂತಲಾ?

ಕಿಟ್ಟಿ, ಮೊದಲನೇ ಮಾತು: ಹಳೇ ಲ್ಯಾಪ್‌ಟಾಪ್ ಇನ್ನೂ ಫಾರ್ಮ್ಯಾಟ್ ಮಾಡಿಲ್ಲ ತಾನೆ? ಮಾಡ್ಬೇಡಿ. ಅದರಲ್ಲಿ ಯಾವ್ಯಾವ ಅಕೌಂಟ್ ಲಾಗಿನ್ ಆಗೇ ಇದೆಯೋ ಅವುಗಳಿಗೆಲ್ಲ ಮೊದಲು ಈಗಿನ ಮೇಲ್ ಐಡಿ ಹಾಕಿ. ಲಾಗ್ ಔಟ್ ಆದ್ಮೇಲೆ ಪಾಸ್‌ವರ್ಡ್ ಮರೆತರೆ ಆ ಕಾಲೇಜ್ ಮೇಲ್‌ಗೇ ಕೋಡ್ ಹೋಗತ್ತೆ.

ಇನ್ನು ಹುಡುಕೋದು. ಸ್ಟೀಮಲ್ಲಿ ಲೈಬ್ರರಿ ಒಂದನ್ನೇ ನೋಡಿ ಬಿಡಬೇಡಿ. ಅಕೌಂಟ್ ಡೀಟೇಲ್ಸ್ ಒಳಗೆ 'ಲೈಸೆನ್ಸಸ್ ಅಂಡ್ ಪ್ರಾಡಕ್ಟ್ ಕೀ ಆಕ್ಟಿವೇಶನ್ಸ್' ಅಂತ ಒಂದು ಪುಟ ಇದೆ. ಯಾವ ತಾರೀಖಿಗೆ ಏನು ಸೇರಿತು, ಸ್ಟೀಮ್ ಅಂಗಡಿಯಿಂದಲೋ, ಹೊರಗಿನ ಕೀ ಹಾಕಿದ್ದೋ, ಪುಕ್ಕಟೆ ಬಂದಿದ್ದೋ, ಎಲ್ಲ ಅಲ್ಲಿ ಸಾಲಾಗಿ ಬರತ್ತೆ. ಎಪಿಕ್‌ನಲ್ಲಿ ಅಕೌಂಟ್ ಒಳಗೆ ಟ್ರಾನ್ಸಾಕ್ಷನ್ಸ್, ಜಿಒಜಿಯಲ್ಲಿ ಆರ್ಡರ್ ಹಿಸ್ಟರಿ. ಹಂಬಲ್‌ನಲ್ಲಿ ಕೀಗಳಿಗೇ ಬೇರೆ ಪುಟ ಇದೆ, ಬಳಸಿದ್ದನ್ನ ಮರೆಮಾಡಿ ಬಳಸದೇ ಇರೋದನ್ನ ಮಾತ್ರ ತೋರಿಸು ಅನ್ನಬಹುದು.

ಬ್ಯಾಂಕಲ್ಲಿ ಹೆಸರು ಹಿಡಿದು ಹುಡುಕಬೇಡಿ, ಮೊತ್ತ ಮತ್ತೆ ತಾರೀಖು ಹಿಡೀರಿ. ಆ ತಾರೀಖನ್ನ ಲೈಸೆನ್ಸ್ ಪುಟದ ಜೊತೆ ತಾಳೆ ನೋಡಿ.

ಧಾರವಾಡ ಪೇಡೆ
ಕಾಲೇಜ್ ಮೇಲ್ ಐಡಿ ಕೊಟ್ಟು ರೊಕ್ಕದ ವ್ಯವಹಾರ ಮಾಡೂದಂದ್ರ ಬಾಡಗಿ ಮನ್ಯಾಗ ಗ್ವಾಡಿ ಒಡದು ತಿಜೋರಿ ಕೂಡಿಸಿಧಂಗ. ಆಫೀಸ್ ಮೇಲೂ ಅಷ್ಟರೀ. ನಮ್ಮ ಕಂಪನ್ಯಾಗ ಲೇಆಫ್ ಆದಾಗ ಮಧ್ಯಾಹ್ನದಾಗ ಮೇಲ್ ಬಂದ್ ಆತು. ಬಾಜೂ ಸೀಟಿನಾಂವ ತನ್ನ ಸ್ವಂತ ರೊಕ್ಕದ ಕೋರ್ಸು, ಸಾಫ್ಟ್‌ವೇರು ಎಲ್ಲಾ ಅದರಾಗ ಇಟ್ಟಿದ್ದ. ಎಚ್‌ಆರ್ ಫೋನ್ ಎತ್ತಲೇ ಇಲ್ಲ.

ರಾತ್ರಿಪಾಳಿ
ಸ್ವಂತ ಜಿಮೇಲ್ ಇದ್ರೂ ಸುಮ್ನೆ ಕೂರೋ ಹಾಗಿಲ್ಲ ಗುರು. 2 ವರ್ಷ ಮುಟ್ಟದೇ ಬಿಟ್ಟ ಅಕೌಂಟನ್ನ ಗೂಗಲ್ ಅಳಿಸಬಹುದು, 2023ರ ಡಿಸೆಂಬರ್‌ನಿಂದ ಈ ನಿಯಮ ಜಾರಿಯಲ್ಲಿದೆ. ಗೇಮ್‌ಗೆ ಅಂತಲೇ ಬೇರೆ ಐಡಿ ಮಾಡಿ ಮರೆತಿರೋರು ಒಂದ್ಸಲ ಹೋಗಿ ಲಾಗಿನ್ ಆಗಿ ಬನ್ನಿ. ರೀಚಾರ್ಜ್ ನಿಲ್ಲಿಸಿದ ಸಿಮ್ಮೂ ಹಾಗೇ. ಕೆಲವು ತಿಂಗಳಾದ್ರೆ ನಂಬರ್ ಬೇರೆ ಯಾರ ಕೈಗೋ ಹೋಗತ್ತೆ, ನಿಮ್ಮ ಓಟಿಪಿ ಅವರಿಗೆ.

ಇಷ್ಟೆಲ್ಲ ಒದ್ದಾಡ್ತೀವಲ್ಲ, ಇದರಲ್ಲಿ ಯಾವುದೂ ನಮ್ಮದಲ್ಲ. ನಾವು ತಗೊಂಡಿರೋದು ಬರೀ ಲೈಸೆನ್ಸು, ಅಂದ್ರೆ ಬಳಸೋಕೆ ಪರವಾನಗಿ. ಕ್ಯಾಲಿಫೋರ್ನಿಯಾದಲ್ಲಿ 2025ರ ಜನವರಿಯಿಂದ ಇದನ್ನ ಗಿರಾಕಿಗೆ ಬಾಯಿಬಿಟ್ಟು ಹೇಳಲೇಬೇಕು ಅನ್ನೋ ಕಾನೂನು ಬಂತು. ಅದಕ್ಕೇ ಸ್ಟೀಮಿನಲ್ಲಿ ದುಡ್ಡು ಕಟ್ಟೋ ಪುಟದಲ್ಲಿ ಈಗ ಒಂದು ಸಾಲು ಕಾಣತ್ತೆ, ನೀವು ಕೊಳ್ತಿರೋದು ಲೈಸೆನ್ಸ್ ಅಂತ. ಯೂಬಿಸಾಫ್ಟ್ ಕಂಪನಿಯ 'ದಿ ಕ್ರೂ' ಗೇಮ್ 2014ರದ್ದು. 2024ರ ಮಾರ್ಚ್ 31ಕ್ಕೆ ಸರ್ವರ್ ಆಫ್ ಮಾಡಿದ್ರು, ದುಡ್ಡು ಕೊಟ್ಟೋರೂ ಆಡೋ ಹಾಗಿಲ್ಲ. 'ಸ್ಟಾಪ್ ಕಿಲ್ಲಿಂಗ್ ಗೇಮ್ಸ್' ಚಳವಳಿ ಹುಟ್ಟಿದ್ದೇ ಅದರಿಂದ.

ಎಸ್ಪಿ ರೋಡ್ ಸಂಚಾರಿ
ಇದಕ್ಕೇ ನಾನು ಹೇಳೋದು ಡಿಸ್ಕೇ ಚೆಂದ ಅಂತ. ಎಸ್ಪಿ ರೋಡಲ್ಲಿ ಮದರ್‌ಬೋರ್ಡ್‌ಗೆ ಚೌಕಾಸಿ ಮಾಡಿ, ಮೆಜೆಸ್ಟಿಕ್ ಹತ್ರ ನ್ಯಾಷನಲ್ ಮಾರ್ಕೆಟ್ಟಿಗೆ ನಡ್ಕೊಂಡು ಹೋಗಿ, ಪ್ಲಾಸ್ಟಿಕ್ ಕವರಲ್ಲಿ ಡಿಸ್ಕ್ ತಗೊಂಡು ಬಂದ್ರೆ ಯಾವನಪ್ಪನ ಸರ್ವರ್ರೂ ಬೇಕಿರಲಿಲ್ಲ.

ಬೋಂಡಾ ಸೂಪ್
ಪ್ಲಾಸ್ಟಿಕ್ ಕವರಲ್ಲಿ ಬರ್ತಿತ್ತು ಅಂದ್ರೆ ಅದು ಎಂಥ ಡಿಸ್ಕ್ ಅಂತ ಎಲ್ರಿಗೂ ಗೊತ್ತು ಸಂಚಾರಿ ಅಣ್ಣ 😂

ಎಸ್ಪಿ ರೋಡ್ ಸಂಚಾರಿ
ಒರಿಜಿನಲ್ ಕೂಡ ತಗೊಂಡಿದೀನಿ ಮಾರಾಯ! ಡಬ್ಬ ಸಮೇತ ಅಟ್ಟದ ಮೇಲಿದೆ.

ಹಳೇ ಪೆಂಟಿಯಂ
ಆ ಡಬ್ಬ ತೆಗೆದು ನೋಡಿ. ಪಿಸಿ ಗೇಮಿನ ಕೊನೇ ಕಾಲದ ಡಬ್ಬಗಳಲ್ಲಿ ಇರ್ತಿದ್ದಿದ್ದು ಸ್ಟೀಮ್ ಕೀ, ಡಿಸ್ಕ್ ಬರೀ ಡೌನ್‌ಲೋಡ್ ಉಳಿಸೋಕೆ. ಅದಕ್ಕೂ ಹಿಂದಿನ ಎಷ್ಟೋ ಡಿಸ್ಕುಗಳ ಕಾಪಿ ಪ್ರೊಟೆಕ್ಷನ್ ವಿಂಡೋಸ್ 10ರಲ್ಲಿ ನಡೆಯಲ್ಲ. ಜೊತೆಗೆ ಈಗಿನ ಲ್ಯಾಪ್‌ಟಾಪ್‌ಗೆ ಡಿವಿಡಿ ಡ್ರೈವ್ ಎಲ್ಲಿದೆ?

ನಿಮಗೆ ಬೇಕಿರೋದು ಡಿಸ್ಕ್ ಅಲ್ಲ, ಡಿಆರ್‌ಎಂ (ಕಂಪನಿ ಹಾಕೋ ಡಿಜಿಟಲ್ ಬೀಗ) ಇಲ್ಲದ ಇನ್‌ಸ್ಟಾಲರ್. ಜಿಒಜಿ 2008ರಿಂದ ಮಾಡ್ತಿರೋದು ಅದೇ. ಆಫ್‌ಲೈನ್ ಇನ್‌ಸ್ಟಾಲರ್ ಇಳಿಸ್ಕೊಂಡು ಹಾರ್ಡ್ ಡಿಸ್ಕಿಗೆ ಹಾಕಿಟ್ರೆ ಅಂಗಡಿ ಮುಚ್ಚಿದ್ರೂ ಗೇಮ್ ನಡೆಯತ್ತೆ. ಮುಚ್ಚೋದೇನೂ ಹೊಸದಲ್ಲ: ಗೇಮ್ ಆಡೋ ಯಂತ್ರಗಳಾದ ನಿಂಟೆಂಡೋ 3ಡಿಎಸ್, ವೀ ಯುಗಳ ಆನ್‌ಲೈನ್ ಅಂಗಡಿಗಳು 2023ರ ಮಾರ್ಚ್‌ನಲ್ಲಿ, ಎಕ್ಸ್‌ಬಾಕ್ಸ್ 360ದು 2024ರ ಜುಲೈನಲ್ಲಿ ಬಾಗಿಲು ಹಾಕಿದ್ವು.

ರಾತ್ರಿಪಾಳಿ
ಇಳಿಸ್ಕೊಂಡು ಇಡೋರು ಎಷ್ಟು ಜನ ಹೇಳಿ ಸಾರ್. ಎಲ್ರೂ 'ಡಿಆರ್‌ಎಂ ಫ್ರೀ' ಅಂತ ಜೈಕಾರ ಹಾಕ್ತಾರೆ, ಹಾರ್ಡ್ ಡಿಸ್ಕಲ್ಲಿ ನೋಡಿದ್ರೆ ಮದುವೆ ವಿಡಿಯೋ.

ಅವೆನ್ಯೂ ರೋಡ್ ಅಂಗಡಿ
ಗೇಮ್ ವಿಷಯ ನನಗೆ ತಿಳಿಯದು. ಅಂಗಡಿಯವರ ಕಷ್ಟ ಒಂದು ಹೇಳುತ್ತೇನೆ, ಇಲ್ಲಿಗೆ ಸಲ್ಲುತ್ತದೆ ಅಂದುಕೊಂಡಿದ್ದೇನೆ.

ನಮ್ಮದು ಸಗಟು ಸ್ಟೇಷನರಿ ವ್ಯಾಪಾರ. ಲೆಕ್ಕಪತ್ರದ ಸಾಫ್ಟ್‌ವೇರ್ ಟ್ಯಾಲಿಯ ಲೈಸೆನ್ಸ್ ತಂದೆಯವರ ಕಾಲದಲ್ಲೇ ಕೊಂಡಿದ್ದು. ಹಾಕಿಕೊಟ್ಟ ಡೀಲರ್ ಹುಡುಗ ಅಡ್ಮಿನ್ ಮೇಲ್ ಅಂತ ತನ್ನದೇ ಐಡಿ ಕೊಟ್ಟುಕೊಂಡಿದ್ದ. ನಮಗೆ ಗೊತ್ತಾದದ್ದು ಕಂಪ್ಯೂಟರ್ ಬದಲಾಯಿಸಿದ ದಿನ. ಹೊಸದಕ್ಕೆ ಹಾಕಬೇಕಾದರೆ ಹಳೆಯದರಲ್ಲಿ ಲೈಸೆನ್ಸ್ ಸರೆಂಡರ್ ಮಾಡಬೇಕು, ಆಮೇಲೆ ಹೊಸದರಲ್ಲಿ ಆ್ಯಕ್ಟಿವೇಟ್ ಮಾಡಬೇಕು. ಎರಡಕ್ಕೂ ಆ ಐಡಿಯ ಪಾಸ್‌ವರ್ಡ್. ಹುಡುಗ ಡೀಲರ್ ಹತ್ತಿರ ಕೆಲಸ ಬಿಟ್ಟು ಯಾವುದೋ ಕಾಲವಾಗಿತ್ತು. ಡೀಲರ್ 'ಹೊಸದೇ ತಗೊಂಡ್ಬಿಡಿ ಸಾರ್, ಸುಲಭ' ಅಂದ! ಜಿಎಸ್‌ಟಿ ರಿಟರ್ನ್ಸ್ ತಾರೀಖು ತಲೆಯ ಮೇಲೆ. ಕೊನೆಗೆ ಕಂಪನಿಗೇ ಸೀರಿಯಲ್ ನಂಬರ್, ನಮ್ಮ ಲೆಟರ್‌ಹೆಡ್, ಬಿಲ್ಲು ಕಳಿಸಿ ಐಡಿ ನಮ್ಮ ಹೆಸರಿಗೆ ಮಾಡಿಸಿಕೊಂಡೆವು. ಬಿಲ್ಲು ಸಿಕ್ಕದೇ ಹೋಗಿದ್ದರೆ ಕಥೆ ಬೇರೆ. ತಂದೆಯವರು ಅದನ್ನು ಖಾತೆ ಪುಸ್ತಕಕ್ಕೆ ಪಿನ್ ಮಾಡಿದ್ದರು, ಪಿನ್ ತುಕ್ಕು ಹಿಡಿದು ಮೂಲೆ ಹರಿದಿತ್ತು, ನಂಬರ್ ಮಾತ್ರ ಓದಲು ಬರುತ್ತಿತ್ತು.

ಸಾಫ್ಟ್‌ವೇರ್ ಹಾಕಲು ಯಾರೇ ಬರಲಿ, ಮೇಲ್ ಐಡಿ ಟೈಪ್ ಮಾಡುವಾಗ ಪಕ್ಕದಲ್ಲಿ ನಿಂತು ನೋಡಿ.

ಹಳೇ ಪೆಂಟಿಯಂ
ನೂರಕ್ಕೆ ನೂರು ಸರಿ ಸಾರ್. ಕೀಗಿಂತ ಬಿಲ್ಲು ಮುಖ್ಯ, ಬಿಲ್ಲಿಗಿಂತ ಮೇಲ್ ಐಡಿ ಮುಖ್ಯ. ಗೇಮ್ ಅಂಗಡಿಗಳೂ ಅಷ್ಟೇ, ಅಕೌಂಟ್ ಕಳೆದು ಹೋಯ್ತು ಅಂತ ಬರೆದ್ರೆ ಸಪೋರ್ಟ್‌ನವರು ಕೇಳೋದು ದುಡ್ಡು ಕಟ್ಟಿದ ಪುರಾವೆ, ಇನ್‌ವಾಯ್ಸ್ ನಂಬರ್.

ಬೋಂಡಾ ಸೂಪ್
ಅಂದ್ರೆ ಎಕ್ಸೆಲ್ ಶೀಟ್. ನಾನು ಮೊದಲೇ ಹೇಳಿದೆ.

ಜಯನಗರ ಜೋಯಿಸ
ವಿಂಡೋಸ್ ಕೀ ಆನ್‌ಲೈನಲ್ಲಿ ಕೆಲವು ನೂರು ರೂಪಾಯಿಗೆ ಸಿಗತ್ತಲ್ಲ, ತಗೋಬಹುದಾ? ರಿವ್ಯೂ ಎಲ್ಲ ಚೆನ್ನಾಗಿದೆ.

ರಾತ್ರಿಪಾಳಿ
ಬೇಡ.

ಜಯನಗರ ಜೋಯಿಸ
ಯಾಕೆ ಅಂತ ಹೇಳಿದ್ರೆ ಉಪಕಾರ. ನಮ್ಮ ಬೀದಿಲಿ ಎಲ್ರೂ ಅದೇ ಹಾಕ್ಕೊಂಡಿರೋದು, ನಡೀತಾ ಇದೆ.

ಹಳೇ ಪೆಂಟಿಯಂ
ನಡೆಯತ್ತೆ, ನಿಲ್ಲೋವರೆಗೂ. ಅಷ್ಟು ಅಗ್ಗಕ್ಕೆ ಬರೋದು ಹೆಚ್ಚಾಗಿ ವಾಲ್ಯೂಮ್ ಕೀ, ಅಂದ್ರೆ ಯಾವುದೋ ಕಂಪನಿಗೋ ಕಾಲೇಜಿಗೋ ನೂರಾರು ಮಷೀನಿಗೆ ಅಂತ ಕೊಟ್ಟಿದ್ದನ್ನ ಚಿಲ್ಲರೆ ಮಾಡಿ ಮಾರೋದು. ಇಲ್ಲಾಂದ್ರೆ ಗುಜರಿಗೆ ಹೋದ ಪಿಸಿಯ ಓಇಎಂ ಕೀ. ಮೈಕ್ರೋಸಾಫ್ಟ್ ಬ್ಲಾಕ್ ಮಾಡಿದ ದಿನ ಮಾರಿದವನನ್ನ ಎಲ್ಲಿ ಹುಡುಕ್ತೀರ? ಗೇಮ್ ಕೀ ಮರುಮಾರಾಟದ ಸೈಟುಗಳಲ್ಲೂ ಇದೇ ತಾಪತ್ರಯ. ಕದ್ದ ಕಾರ್ಡಲ್ಲಿ ಕೊಂಡ ಕೀ ಅಂತ ಗೊತ್ತಾದ್ರೆ ಕಂಪನಿ ವಾಪಸ್ ಕಿತ್ಕೊಳತ್ತೆ. ಹೊರಗೆ ತಗೊಂಡ ಕೀಗೆ ಸ್ಟೀಮ್ ರೀಫಂಡೂ ಕೊಡಲ್ಲ.

ನಿಮ್ಮ ಕೀ ಯಾವ ಜಾತಿ ಅಂತ ನೋಡ್ಬೇಕಾದ್ರೆ ಕಮಾಂಡ್ ಪ್ರಾಂಪ್ಟ್ ತೆಗೆದು ಎಸ್‌ಎಲ್‌ಎಂಜಿಆರ್, ಸ್ಪೇಸ್, ಸ್ಲ್ಯಾಶ್, ಡಿಎಲ್‌ಐ ಹೊಡೀರಿ. ಒಂದು ಪುಟ್ಟ ಕಿಟಕಿ ಬರತ್ತೆ, ಅದರಲ್ಲಿ ರೀಟೇಲ್, ಓಇಎಂ ಅಥವಾ ವಾಲ್ಯೂಮ್ ಅಂತ ಇರತ್ತೆ. ಮನೆ ಪಿಸಿಯಲ್ಲಿ ವಾಲ್ಯೂಮ್ ಅಂತ ಬಂದ್ರೆ ಅರ್ಥ ಮಾಡ್ಕೊಳ್ಳಿ. ಓಇಎಂ ಅಂದ್ರೆ ಆ ಮಷೀನಿಗೇ ಅಂಟಿಕೊಂಡಿದ್ದು. ರೀಟೇಲ್ ಆದ್ರೆ ಹಳೇದರಿಂದ ತೆಗೆದು ಹೊಸದಕ್ಕೆ ಹಾಕಬಹುದು.

ಕಿಟ್ಟಿ, ಇದು ನಿಮಗೂ ಬೇಕು. ಬ್ರ್ಯಾಂಡೆಡ್ ಲ್ಯಾಪ್‌ಟಾಪ್ ಆದ್ರೆ ವಿಂಡೋಸ್ ಕೀ ಮದರ್‌ಬೋರ್ಡಿನ ಒಳಗೇ ಇರತ್ತೆ, ತಮ್ಮನಿಗೆ ಕೊಡುವಾಗ ಏನೂ ಬರ್ಕೊಡಬೇಕಿಲ್ಲ. ಎಂಎಸ್ ಆಫೀಸ್ ಆ ಲ್ಯಾಪ್‌ಟಾಪಿನ ಜೊತೆಗೇ ಬಂದಿದ್ರೆ ಅದೂ ಆ ಲ್ಯಾಪ್‌ಟಾಪಿಗೇ, ಹೊಸದಕ್ಕೆ ಬರಲ್ಲ. ಬೇರೆಯಾಗಿ ಡಬ್ಬದಲ್ಲಿ ಕೊಂಡಿದ್ರೆ ನಿಮ್ಮ ಮೈಕ್ರೋಸಾಫ್ಟ್ ಅಕೌಂಟಿನ ಸರ್ವಿಸಸ್ ಪುಟದಲ್ಲಿ ಕಾಣತ್ತೆ. ಒಂದ್ಸಲ ರಿಡೀಮ್ ಆದ್ಮೇಲೆ ಕಾರ್ಡಿನ ಕೀಗೆ ಬೆಲೆ ಇಲ್ಲ.

ಜಯನಗರ ಜೋಯಿಸ
ಹೊಡೆದು ನೋಡಿದೆ. ವಾಲ್ಯೂಮ್ ಅಂತ ಬಂತು. ಬಿಡಿ.

ಧಾರವಾಡ ಪೇಡೆ
😂😂 ಜೋಯಿಸ್ರ, ನಿಮ್ಮ ಓಣ್ಯಾಗ ಎಲ್ಲಾರದೂ ಒಂದ್ಸಲ ನೋಡ್ಸ್ರಿ.

ಮಲ್ಲೇಶ್ವರಂ ಅಮ್ಮ
ಮಧ್ಯೆ ಬಾಯಿ ಹಾಕ್ತಿದೀನಿ, ಕ್ಷಮಿಸಿ. ಮಗ ಏಳನೇ ಕ್ಲಾಸು. ಅವರಪ್ಪನ ಫೋನಲ್ಲಿ ಗೇಮ್ ಒಳಗೆ ಏನೋ ಡೈಮಂಡ್ ಅಂತೆ, ನಿನ್ನೆ ತಗೊಂಡ್ಬಿಟ್ಟಿದಾನೆ. ಯುಪಿಐ ಪಿನ್ ಎಲ್ಲಿ ನೋಡ್ಕೊಂಡನೋ. ದುಡ್ಡು ವಾಪಸ್ ಬರತ್ತಾ? ಮತ್ತೆ ಹೀಗಾಗದ ಹಾಗೆ ಏನು ಮಾಡ್ಬೇಕು?

ಹಳೇ ಪೆಂಟಿಯಂ
ಮೇಡಂ, ಆಂಡ್ರಾಯ್ಡ್ ಫೋನಾ? ನಿನ್ನೆ ಅಂದ್ರೆ ಈಗಲೇ ಪ್ಲೇ ಸ್ಟೋರ್ ತೆಗೆದು ಪೇಮೆಂಟ್ಸ್ ಒಳಗೆ ಬಜೆಟ್ ಅಂಡ್ ಹಿಸ್ಟರಿಗೆ ಹೋಗಿ ರೀಫಂಡ್ ಕೇಳಿ. 48 ಗಂಟೆ ಒಳಗಾದ್ರೆ ಗೂಗಲ್ಲೇ ನೋಡತ್ತೆ, ಆಮೇಲೆ ಗೇಮ್ ಮಾಡಿದವರನ್ನ ಕೇಳ್ಬೇಕು. 'ಮಗು ನಮಗೆ ಹೇಳದೆ ತಗೊಂಡಿದ್ದು' ಅನ್ನೋ ಥರದ ಕಾರಣವೂ ಪಟ್ಟಿಯಲ್ಲಿ ಬರತ್ತೆ, ಅದನ್ನೇ ಆರಿಸಿ. ಕೊಟ್ಟೇ ಕೊಡ್ತಾರೆ ಅಂತ ಹೇಳಕ್ಕಾಗಲ್ಲ, ಕೇಳೋದಂತೂ ಕೇಳಿ.

ಆಮೇಲೆ ಪ್ಲೇ ಸ್ಟೋರ್ ಸೆಟ್ಟಿಂಗ್ಸಲ್ಲಿ ಪ್ರತಿ ಖರೀದಿಗೂ ಪಾಸ್‌ವರ್ಡ್ ಕೇಳೋ ಹಾಗೆ ಮಾಡಿ. ಯುಪಿಐ ಪಿನ್ ಇವತ್ತೇ ಬದಲಾಯಿಸಿ.

ರಾತ್ರಿಪಾಳಿ
ಯುಪಿಐ ಆ್ಯಪಲ್ಲಿ ಆಟೋಪೇ ಅಂತ ಒಂದು ಜಾಗ ಇದೆ, ಅದನ್ನೂ ನೋಡಿಬಿಡಿ ಮೇಡಂ. ಡೈಮಂಡ್ ಜೊತೆ ತಿಂಗಳ ಪಾಸ್ ಏನಾದ್ರೂ ಹಾಕಿದ್ರೆ ಅಲ್ಲಿ ಕಾಣತ್ತೆ. ದುಡ್ಡು ಕಟ್ ಆಗೋಕೆ 24 ಗಂಟೆ ಮುಂಚೆ ಮೆಸೇಜ್ ಬರಬೇಕು ಅಂತ ಆರ್‌ಬಿಐ ನಿಯಮ, 2021ರ ಅಕ್ಟೋಬರ್‌ನಿಂದ ಇದೆ. ಆದ್ರೆ ಸಾಮಾನ್ಯವಾಗಿ 15,000ದ ಒಳಗಿನ ಕಂತಿಗೆ ಪ್ರತಿ ಸಲ ಓಟಿಪಿ ಕೇಳಲ್ಲ. ಆ ಮೆಸೇಜನ್ನ ನಾವು ಲೋನ್ ಆಫರ್ ಜೊತೆ ಓದದೇ ಅಳಿಸ್ತೀವಿ.

ಧಾರವಾಡ ಪೇಡೆ
ಸಬ್‌ಸ್ಕ್ರಿಪ್ಷನ್ ಮಾತು ಬಂತು ನೋಡ್ರಿ. ತಿಂಗಳಾ ತಿಂಗಳಾ ಇಷ್ಟು ಅಂತ ದೊಡ್ಡ ಅಕ್ಷರದಾಗ ಇರತೈತಿ, ಒಂದ್ ವರ್ಷದ ಒಪ್ಪಂದ ಅಂತ ಇರುವಿ ಕಾಲಿನಷ್ಟು ಅಕ್ಷರದಾಗ. ನಡುವ ಬಿಟ್ರ ದಂಡ. ನನ್ನ ತಂಗಿ ಡಿಸೈನರ್, ಹಿಂಗ ಒಂದು ಕಡೆ ಸಿಕ್ಕೊಂಡಾಳ, ವರ್ಷ ಮುಗಿಯೂತನಕ ಕಟ್ಟಬೇಕು. ಒಮ್ಮೆ ರೊಕ್ಕಾ ಕೊಟ್ಟು ಕೈ ತೊಳಕೊಳ್ಳು ಕಾಲ ಹೋತ್ರೀ. ಫೋಟೋಶಾಪ್ ಮಾಡು ಅಡೋಬಿ 2013ರಾಗ ಕ್ರಿಯೇಟಿವ್ ಕ್ಲೌಡ್ ಅನ್ನೂ ಸಬ್‌ಸ್ಕ್ರಿಪ್ಷನ್ ಕಡೆ ಹೊಳ್ಳಿದ್ದs ತಡ, ಎಲ್ಲಾರೂ ಅದರ ಬೆನ್ನ ಹತ್ಯಾರ.

ಎಸ್ಪಿ ರೋಡ್ ಸಂಚಾರಿ
ಕನ್ನಡ ಟೈಪ್ ಮಾಡೋ ನಮ್ಮ 'ನುಡಿ' ಸಾಫ್ಟ್‌ವೇರ್ ನೋಡಿ. ಕನ್ನಡ ಗಣಕ ಪರಿಷತ್ತಿನದು, ಪುಕ್ಕಟೆ, ಯಾವ ಅಕೌಂಟೂ ಬೇಡ, ಯಾವ ಆಟೋಪೇನೂ ಬೇಡ.

ಅವೆನ್ಯೂ ರೋಡ್ ಅಂಗಡಿ
ನುಡಿಯಲ್ಲಿ ಟೈಪ್ ಮಾಡಿದ ಹಳೆಯ ಫೈಲುಗಳನ್ನು ಯೂನಿಕೋಡ್‌ಗೆ ಬದಲಾಯಿಸಿ ಇಟ್ಟುಕೊಂಡಿದ್ದೀರಾ? ಇಲ್ಲವಾದರೆ ಫಾಂಟ್ ಇಲ್ಲದ ಕಂಪ್ಯೂಟರಿನಲ್ಲಿ ತೆರೆದಾಗ ತೋರಿಸುವುದೇನು ಅಂತ ನೀವೇ ನೋಡಿ.

ಬೋಂಡಾ ಸೂಪ್
ಗೇಮಿಂದ ಟ್ಯಾಲಿಗೆ, ಟ್ಯಾಲಿಯಿಂದ ನುಡಿಗೆ. ನಾಳೆ ಬೆಳಗ್ಗೆ ಹೊತ್ತಿಗೆ ಈ ಚರ್ಚೆ ಮಸಾಲೆ ದೋಸೆ ತಲುಪತ್ತೆ, ಬರೆದಿಟ್ಕೊಳ್ಳಿ.

ಕೀಲಿಮಣೆ ಕಿಟ್ಟಿ
ಸಿಕ್ತು ಸಿಕ್ತು!! ಪೆಂಟಿಯಂ ಸಾರ್ ಹೇಳಿದ ಲೈಸೆನ್ಸ್ ಪುಟದಲ್ಲಿ ಇತ್ತು, ರೀಟೇಲ್ ಅಂತ, ಅಂದ್ರೆ ಹೊರಗಿನ ಕೀ ಹಾಕಿದ್ದು. ತಾರೀಖೂ ಬ್ಯಾಂಕಿನ ಜೊತೆ ಸರಿಹೋಯ್ತು. ಲೈಬ್ರರಿಯಲ್ಲಿ ಯಾಕೆ ಕಾಣ್ತಿರಲಿಲ್ಲ ಅಂದ್ರೆ ತಮ್ಮ ಅದನ್ನ 'ಹೈಡ್' ಮಾಡಿಟ್ಟಿದ್ದ, ಪಿಯುಸಿ ಟೈಮಲ್ಲಿ ಅಪ್ಪನ ಕಣ್ಣಿಗೆ ಬೀಳಬಾರದು ಅಂತ. ವ್ಯೂ ಮೆನುವಲ್ಲಿ ಹಿಡನ್ ಗೇಮ್ಸ್ ಅಂತ ಕೊಟ್ರೆ ಅದರ ಜೊತೆ ಇನ್ನೂ ಎರಡು ಬಂತು, ಅವು ನನ್ನ ಕಾರ್ಡಲ್ಲೇ ತಗೊಂಡಿರೋದು! ಅದನ್ನ ಅವನ ಹತ್ರ ಬೇರೆ ಮಾತಾಡ್ತೀನಿ.

ಈಗ ಅವನು ಕೇಳ್ತಿರೋದು, 'ಅಣ್ಣಾ, ಹಳೇ ಲ್ಯಾಪ್‌ಟಾಪಲ್ಲಿ ನಿನ್ನ ಸ್ಟೀಮ್ ಅಕೌಂಟ್ ಹಾಗೇ ಇರಲಿ ಬಿಡು' ಅಂತ. ಬಿಡಬಹುದಾ?

ರಾತ್ರಿಪಾಳಿ
ಪಾಸ್‌ವರ್ಡ್ ಕೊಡಬೇಡ. ಸ್ಟೀಮ್ ಫ್ಯಾಮಿಲೀಸ್ ಮಾಡ್ಕೋ, 2024ರ ಸೆಪ್ಟೆಂಬರ್‌ನಲ್ಲಿ ಎಲ್ರಿಗೂ ಬಂತು. ಒಂದೇ ಮನೆಯವರು 6 ಜನದವರೆಗೂ ಸೇರಬಹುದು, ಅವನದು ಅವನ ಅಕೌಂಟು, ನಿನ್ನ ಗೇಮ್ ಅವನಿಗೆ ಕಾಣತ್ತೆ. ನೀನು ಒಂದು ಆಡುವಾಗ ಅವನು ಬೇರೆ ಆಡಬಹುದು, ಇಬ್ಬರೂ ಒಟ್ಟಿಗೆ ಒಂದೇ ಗೇಮ್ ಆಡಬೇಕಾದ್ರೆ ಎರಡು ಕಾಪಿ ಬೇಕು. ಹಂಚೋಕೆ ಬಿಡದ ಗೇಮುಗಳೂ ಇವೆ.

ಎರಡು ಎಚ್ಚರಿಕೆ. ಅವನು ನಿನ್ನ ಗೇಮಲ್ಲಿ ಚೀಟ್ ಮಾಡಿ ಬ್ಯಾನ್ ಆದ್ರೆ ಆ ಗೇಮಿಗೆ ನೀನೂ ಬ್ಯಾನ್. ಇನ್ನೊಂದು, ಫ್ಯಾಮಿಲಿ ಬಿಟ್ಟು ಹೋದೋರು ಇನ್ನೊಂದಕ್ಕೆ ಸೇರ್ಬೇಕಾದ್ರೆ ಮೊದಲನೇದಕ್ಕೆ ಸೇರಿ ಒಂದು ವರ್ಷ ಆಗಿರಬೇಕು, ಆ ಜಾಗ ತುಂಬೋಕೂ ಕಾಯ್ಬೇಕು. ಫ್ರೆಂಡ್ಸನ್ನ ತುಂಬಿಸಿಕೊಂಡು ಜಗಳ ಆಡೋರು ಒದ್ದಾಡೋದು ಇಲ್ಲೇ.

ಬೋಂಡಾ ಸೂಪ್
ಕಾರ್ಡ್ ಕದ್ದು ಗೇಮ್ ತಗೊಂಡೋನು ಚೀಟ್ ಮಾಡಲ್ಲ ಅಂತ ಯಾವ ನಂಬಿಕೆ ಕಿಟ್ಟಿ?

ಕೀಲಿಮಣೆ ಕಿಟ್ಟಿ
ಅದೇ ಯೋಚನೆ ಮಾಡ್ತಿದೀನಿ 😅

ಜಯನಗರ ಜೋಯಿಸ
ವಾಲ್ಯೂಮ್ ಕೀ ಮಾರಿದ ಸೈಟಿಗೆ ಬರೆದೆ. 'ಡಿಜಿಟಲ್ ಐಟಂ, ನೋ ರೀಫಂಡ್' ಅಂತ ಒಂದು ಸಾಲು ಉತ್ತರ. ಇವರನ್ನ ಸುಮ್ನೆ ಬಿಡಬೇಕಾ?

ಅವೆನ್ಯೂ ರೋಡ್ ಅಂಗಡಿ
ಬಿಡಬೇಡಿ. 2020ರ ಇ-ಕಾಮರ್ಸ್ ನಿಯಮಗಳ ಪ್ರಕಾರ ಸೈಟಿನಲ್ಲಿ ದೂರು ಅಧಿಕಾರಿಯ ಹೆಸರು, ಸಂಪರ್ಕ ವಿವರ ಇರಲೇಬೇಕು. ದೂರು ಮುಟ್ಟಿತು ಅಂತ 48 ಗಂಟೆಯೊಳಗೆ ಹೇಳಬೇಕು, ಒಂದು ತಿಂಗಳೊಳಗೆ ಇತ್ಯರ್ಥ ಮಾಡಬೇಕು. ಆಗದಿದ್ದರೆ ಗ್ರಾಹಕ ಸಹಾಯವಾಣಿ 1915. ಇವೆಲ್ಲಕ್ಕೂ ಮೊದಲು ಆ ಸೈಟಿನ ಜಾಹೀರಾತು ಪುಟದ ಸ್ಕ್ರೀನ್‌ಶಾಟ್ ತೆಗೆದಿಡಿ, 'ಒರಿಜಿನಲ್, ಲೈಫ್‌ಟೈಮ್' ಅಂತ ಬರೆದಿದ್ದರೆ ನಾಳೆ ಅಳಿಸಿಬಿಡುತ್ತಾರೆ.

ಹಳೇ ಪೆಂಟಿಯಂ
ಕಾರ್ಡಲ್ಲಿ ಕಟ್ಟಿದ್ರೆ ಬ್ಯಾಂಕಿಗೆ ಡಿಸ್‌ಪ್ಯೂಟ್ (ಈ ವ್ಯವಹಾರಕ್ಕೆ ತಕರಾರಿದೆ ಅಂತ) ಕೂಡ ಹಾಕಬಹುದು ಜೋಯಿಸ್ರೆ. ಬೇರೆ ಓದುಗರಿಗೆ ಒಂದು ಮಾತು: ಈ ಅಸ್ತ್ರವನ್ನ ಸ್ಟೀಮ್ ಮೇಲೆ ಬಿಡೋ ಮುಂಚೆ ಯೋಚಿಸಿ, ಡಿಸ್‌ಪ್ಯೂಟ್ ಹಾಕಿದ್ರೆ ಅಕೌಂಟನ್ನೇ ನಿರ್ಬಂಧಿಸ್ತಾರೆ. ಅಲ್ಲಿ ರೀಫಂಡ್ ದಾರಿ ನೆಟ್ಟಗಿದೆ, ಕೊಂಡು 14 ದಿನದೊಳಗೆ, ಆಡಿರೋದು 2 ಗಂಟೆಗಿಂತ ಕಮ್ಮಿ ಇದ್ರೆ ಕೊಡ್ತಾರೆ. ಜಿಒಜಿಯಲ್ಲಿ 30 ದಿನ.

ಮಲ್ಲೇಶ್ವರಂ ಅಮ್ಮ
ರೀಫಂಡ್ ಕೇಳಿದೀನಿ, ಉತ್ತರ ಬರಬೇಕು. ಆಟೋಪೇನಲ್ಲಿ ನೋಡಿದ್ರೆ ಮಗನದು ಏನೂ ಇರಲಿಲ್ಲ, ಇವರಪ್ಪನದೇ ಯಾವುದೋ ಕ್ರಿಕೆಟ್ ಆ್ಯಪಿಗೆ ತಿಂಗಳಾ ತಿಂಗಳಾ ಹೋಗ್ತಾ ಇದೆ. ವರ್ಲ್ಡ್ ಕಪ್ ಟೈಮಲ್ಲಿ ಹಾಕ್ಕೊಂಡಿದ್ದಂತೆ, ಗೊತ್ತೇ ಇರಲಿಲ್ಲ ಅಂತಾರೆ.

ಧಾರವಾಡ ಪೇಡೆ
ಹುಡುಗ ಪಾರಾದ ನೋಡ್ರಿ.

ಎಸ್ಪಿ ರೋಡ್ ಸಂಚಾರಿ
ಅಟ್ಟ ಹತ್ತಿ ಡಬ್ಬ ಇಳಿಸಿದೆ. ಒಳಗೆ ಒಂದು ಡಿಸ್ಕು, ಒಂದು ಚೀಟಿ, ಚೀಟಿ ಮೇಲೆ ಸ್ಟೀಮ್ ಕೀ. ಪೆಂಟಿಯಂ ಸಾರ್ ಏನೂ ಹೇಳ್ಬೇಡಿ.

ರಾತ್ರಿಪಾಳಿ
ಅಣ್ಣ ಆ ಕೀ ಬಳಸಿದೀರಾ ಇಲ್ವಾ? ಇಲ್ಲಾಂದ್ರೆ ಈಗ್ಲೂ ಹಾಕಿ ನೋಡಿ, ಎಷ್ಟೋ ಹಳೇ ಡಬ್ಬದ ಕೀಗಳು ನಡೆಯತ್ತೆ. ಚೀಟಿ ಫೋಟೋ ಇಲ್ಲಿ ಹಾಕಬೇಡಿ, ಬೋಂಡಾ ಇದಾನೆ.

ಬೋಂಡಾ ಸೂಪ್
ಹಾಕಿ ಹಾಕಿ ಅಣ್ಣ, ಎಕ್ಸೆಲ್ ಶೀಟಲ್ಲಿ ಬರೆದಿಟ್ಕೋತೀನಿ.